ಹಳೇ ಕಾರಿನ ಗ್ಲಾಸು, ಎಸಿ: ಮೊದಲ ಜಡ್ಡು ತಿಳ್ಕೋರಿ, ಆಮ್ಯಾಲೆ ಬಿಚ್ಚಸ್ರಿ

ವೈನಿ, ಮೌಶಿ, ಬಾಜೂ ಮನಿ ಅಕ್ಕಾರು ಎಲ್ಲಾರಿಗೂ ಇವತ್ತ ಒಂದ ಮಾತು ಹೇಳೋದದ. ಹತ್ತ-ಹದಿನೈದು ವರ್ಷದ ಹಳೇ ಕಾರ್ ಇರೋ ಮನ್ಯಾಗ ಎಂಜಿನ್ನಿಗೆ, ಬ್ರೇಕಿಗೆ, ಟಾಯರಿಗೆ ರೊಕ್ಕಾ ಹಾಕ್ಲಿಕ್ಕೆ ಯಾರೂ ಹಿಂದ-ಮುಂದ ನೋಡಂಗಿಲ್ಲ. ಆದ್ರ ಹಿಂದಿನ ಬಾಗಲದ ಗ್ಲಾಸ್ ಇಳೀವಲ್ದು, ಎಸಿ ಗಾಳಿ ಬರವಲ್ದು ಅಂತ ನಾವು ಹೇಳಿದ್ರ, "ಅದೇನ್ ಶೋಕಿ ಸಾಮಾನು, ಇರ್ಲಿ ಬಿಡು, ಗಾಡಿ ಓಡ್ತದಲ್ಲ" ಅನ್ನೋ ಉತ್ತರ ಬರ್ತದ. ನನ್ನ ಪ್ರಕಾರ ಅದು ಶೋಕಿ ಅಲ್ಲ. ಮತ್ತ ಅದರ ರಿಪೇರಿ ಅಂದ್ರ ಸಾವಿರಗಟ್ಟಲೆ ರೊಕ್ಕದ ಮಾತೂ ಅಲ್ಲ, ಜಡ್ಡು ಎಲ್ಲಿ ಅದ ಅಂತ ಮೊದಲ ತಿಳ್ಕೊಂಡ್ರ.

ಒಂದು ಲಕ್ಷ್ಯ ಕೊಟ್ಟು ನೋಡ್ರಿ. ಡ್ರೈವರ್ ಬಾಜೂದ ಗ್ಲಾಸ್ ಕೆಟ್ರ ಅದು ಎರಡ ದಿವಸದಾಗ ರಿಪೇರಿ ಆಗ್ತದ. ಹಿಂದಿನ ಬಾಗಲದ್ದು ಕೆಟ್ರ ವರ್ಷಗಟ್ಟಲೆ ಹಂಗ ಇರ್ತದ. ಹಿಂದ ಕೂಡೋರು ಯಾರು? ಅತ್ತಿ-ಮಾವ, ಹುಡುಗ್ರು, ಮತ್ತ ಮಡಲಾಗ ಚೀಲಾ ಇಟಗೊಂಡು ನಾವು. ಬ್ಯಾಸಗ್ಯಾಗ ವಿಜಯಪುರ, ಕಲಬುರಗಿ, ರಾಯಚೂರ ಕಡೆ ಬಿಸಿಲು 40 ಡಿಗ್ರಿ ದಾಟ್ತದ. ಬಿಸಿಲಾಗ ಗ್ಲಾಸ್ ಮುಚ್ಚಿ ನಿಲ್ಲಿಸಿದ ಗಾಡಿ ಒಳಗ ಹತ್ತ ನಿಮಿಷದಾಗನ ಇನ್ನೂ ಹತ್ತ ಡಿಗ್ರಿ ಹತ್ರ ಏರ್ತದ. ಅಂಥಾದ್ರಾಗ ದಮ್ಮಿನ ತ್ರಾಸ ಇರೋ ಅತ್ತಿನ್ನ ಇಳೀಲಾರದ ಗ್ಲಾಸಿನ ಬಾಜೂ ಕೂಡಿಸೋದು ಎಲ್ಲಿ ನ್ಯಾಯ?

ಮಳಿಗಾಲದ ಮಾತಂತೂ ಇನ್ನೂ ಬ್ಯಾರೆ. ನಮ್ಮ ಧಾರವಾಡದ ಜಿಟಿಜಿಟಿ ಮಳ್ಯಾಗ ನಾಕ ಮಂದಿ ಕೂತ್ರ ಸಾಕು, ಮುಂದಿನ ಗ್ಲಾಸಿಗೆ ಒಳಗಿಂದ ಹಬೆ ಹಿಡೀತದ, ರಸ್ತೆನ ಕಾಣಂಗಿಲ್ಲ. ಎಸಿ ಬರೇ ತಂಪು ಮಾಡಂಗಿಲ್ಲ, ಗಾಳಿಯೊಳಗಿನ ನೀರಿನ ಅಂಶಾನೂ ತಗೀತದ. ಅದಕ್ಕ ಎಸಿ ಹಚ್ಚಿ ಗಾಳಿ ಮುಂದಿನ ಗ್ಲಾಸಿನ ಕಡೆ ತಿರುಗಿಸಿದ್ರ ಹಬೆ ಲಗೂನ ಹೋಗ್ತದ. ಎಸಿ ಇಲ್ಲಂದ್ರ ಗಾಡಿ ಹೊಡಿಯೋರು ಒಂದ ಕೈಯಾಗ ಅರಿಬಿ ಹಿಡಕೊಂಡು ಒರಸಗೋತ ಹೋಗ್ಬೇಕು. ಇದನ್ನ ಶೋಕಿ ಅಂತಾರೇನ್ರಿ?

ಇನ್ನ ರಿಪೇರಿ ಮಾತು. ಎತ್ತಿಗೆ ಜ್ವರ ಬಂದ್ರ ಎಮ್ಮಿಗೆ ಬರಿ ಹಾಕಿದ್ರಂತ. ಹಳೇ ಗಾಡಿ ಕರೆಂಟಿನ ಕೆಲಸದಾಗ ಬಹಳ ಸಲ ಇದ ನಡೀತದ. ನಮ್ಮ ಗಾಡ್ಯಾಗ ಹೋದ ವರ್ಷ ಗಾಳಿ ಫ್ಯಾನು ಒಂದು, ಎರಡು, ಮೂರರಾಗ ಸುಮ್ಮನ ಕೂಡ್ತಿತ್ತು, ನಾಕಕ್ಕ ಇಟ್ರ ಮಾತ್ರ ಭರ್ರಂತ ಹೊಡೀತಿತ್ತು. ಒಬ್ಬ ಮೆಕ್ಯಾನಿಕ್ ನೋಡಲಾರದನ "ಮೋಟರ್ ಹೋಗೇದ, ಹೊಸಾದು ಹಾಕ್ಬೇಕು" ಅಂದ. ನಾನು ಕೇಳಿದೆ, "ಅಲ್ಲಪಾ, ಮೋಟರ್ ಹೋಗಿದ್ರ ನಾಕರಾಗ ಹೆಂಗ ತಿರಗ್ತದ?" ಅಂವ ತಲಿ ಕೆರಕೊಂಡ.

ಅಲ್ಲಿ ಇರೋದು ಇಷ್ಟ. ಫ್ಯಾನಿನ ಕಡಿಮಿ ಸ್ಪೀಡಿಗೆ ಕರೆಂಟು ಒಂದು ರೆಸಿಸ್ಟರ್ ಒಳಗಿಂದ ಹಾದು ಹೋಗ್ತದ. ಮನಿ ಸೀಲಿಂಗ್ ಫ್ಯಾನಿನ ಹಳೇ ರೆಗ್ಯುಲೇಟರ್ ಇರ್ತಿತ್ತಲ್ಲ, ಬಿಸಿ ಆಗೋದು, ಹಂಗ. ಪೂರ್ತಿ ಸ್ಪೀಡಿಗೆ ಅದನ್ನ ಬಿಟ್ಟು ಸೀದಾ ಹೋಗ್ತದ. ಅದಕ್ಕ ರೆಸಿಸ್ಟರ್ ಸುಟ್ರ ಕಡೀ ಸ್ಪೀಡ್ ಒಂದ ಉಳೀತದ. ಆ ಸಣ್ಣ ಸಾಮಾನಿನ ಬೆಲೆ ಮೋಟರಿನ ಮುಂದ ಏನೂ ಅಲ್ಲ. ಆದ್ರ ಅದನ್ನಷ್ಟ ಬದಲಿಸಿ ಸುಮ್ಮನ ಕೂಡಬಾರದು, ಯಾಕ ಸುಟ್ಟಿತು ಅಂತ ಕೇಳ್ಬೇಕು. ಆ ರೆಸಿಸ್ಟರ್ ಗಾಳಿ ಹೋಗೋ ದಾರ್ಯಾಗನ ಕೂತಿರ್ತದ, ಅದ ಗಾಳಿಯಿಂದ ತಂಪಾಗ್ತದ. ಕ್ಯಾಬಿನ್ ಫಿಲ್ಟರ್ ಧೂಳು ತುಂಬಿ ಗಾಳಿ ಕಡಿಮಿ ಆದ್ರ, ಇಲ್ಲಾ ಮೋಟರ್ ಬಿಗಿಯಾಗಿ ಹೆಚ್ಚಿಗಿ ಕರೆಂಟು ಎಳದ್ರ, ಹೊಸ ರೆಸಿಸ್ಟರೂ ಸುಡ್ತದ. ನಮ್ಮ ಗಾಡ್ಯಾಗ ಫಿಲ್ಟರ್ ತಗದ್ರ ಒಳಗ ಬೇವಿನ ಎಲಿ, ಕಸಾ, ಒಂದ ಮುಟಿಗಿ ಮಣ್ಣು!

ನೋಡ್ರಿ, ಇದಕ್ಕ ಎಂಜಿನಿಯರಿಂಗ್ ಓದಬೇಕಾಗಿಲ್ಲ. ಮಿಕ್ಸರ್ ತಿರಗ್ಲಿಲ್ಲಂದ್ರ ನಾವೇನ್ ಮಾಡ್ತೀವಿ? ಮೊದಲ ಪ್ಲಗ್ ಇನ್ನೊಂದ ಕಡೆ ಹಾಕ್ತೀವಿ, ಕೆಳಗಿನ ಕೆಂಪ ಬಟನ್ ಒತ್ತಿ ನೋಡ್ತೀವಿ, ಜಾರ್ ಸರಿ ಕೂತದೋ ಇಲ್ಲೋ ನೋಡ್ತೀವಿ. ಕುಕ್ಕರ್ ಸೀಟಿ ಹೊಡೀಲಿಲ್ಲಂದ್ರ ರಿಂಗು ನೋಡ್ತೀವಿ, ಹೊಸ ಕುಕ್ಕರ್ ತರಂಗಿಲ್ಲ. ಕಾರಿನಾಗೂ ಅದ ಬುದ್ಧಿ. ಯಾವುದು ಕೆಟ್ಟದ, ಯಾವುದು ಕೆಟ್ಟಿಲ್ಲ, ಯಾವಾಗ ಕೆಡ್ತದ, ಯಾವಾಗ ತಾನ ಸರಿ ಆಗ್ತದ: ಈ ನಾಕ ಪ್ರಶ್ನೆಗೆ ಉತ್ತರ ಗಾಡ್ಯಾಗ ಕೂಡೋರಿಗೆ ಗೊತ್ತಿರ್ತದ, ಗ್ಯಾರೇಜಿನವಗ ಗೊತ್ತಿರಂಗಿಲ್ಲ.

ಗ್ಲಾಸಿಂದ ತಗೋರಿ. 1983 ರಾಗ ಬಂದ ಮಾರುತಿ 800 ರಾಗ ಹಿಡಿಕಿ ತಿರುಗಿಸಿ ಗ್ಲಾಸ್ ಇಳಸ್ತಿದ್ವಿ, ಅಲ್ಲಿ ಕೆಡೋದ ಕಡಿಮಿ. ಈಗ ಪ್ರತಿ ಬಾಗಲದಾಗ ಒಂದೊಂದು ಮೋಟರ್. ಹಿಂದಿನ ಎರಡೂ ಗ್ಲಾಸು ತಮ್ಮ ಬಟನ್ನಿಂದ ಇಳೀವಲ್ವು ಅಂದ್ರ ಮೊದಲ ಡ್ರೈವರ್ ಬಾಗಲದಾಗಿನ ಲಾಕ್ ಬಟನ್ ನೋಡ್ರಿ. ಹುಡುಗ್ರು ಆಡಬಾರದು ಅಂತ ಅದನ್ನ ಒತ್ತಿ ಮರತಿರ್ತಾರ. ನಾಕೂ ಗ್ಲಾಸ್ ಒಮ್ಮೆಲೆ ನಿಂತ್ರ ಫ್ಯೂಸು, ರಿಲೇ, ಇಲ್ಲಾ ಮೇನ್ ವೈರು. ನಾಕೂ ಮೋಟರ್ ಒಂದ ದಿವಸ ಸಾಯಂಗಿಲ್ಲ.

ಒಂದ ಗ್ಲಾಸು ತನ್ನ ಬಟನ್ನಿಗೆ ಇಳೀಲಾರದ, ಡ್ರೈವರ್ ಕಡೆ ಬಟನ್ನಿಗೆ ಇಳದ್ರ ಮೋಟರ್ ಸೈ ಅದ, ಆ ಬಾಗಲದ ಬಟನ್ ಕೆಟ್ಟದ. ಗುಂಯ್ ಅಂತ ಸಪ್ಪಳ ಬಂದು ಗ್ಲಾಸ್ ಅಲಗಾಡಲಿಲ್ಲಂದ್ರ ಮೋಟರ್ ತಿರಗ್ಲಿಕ್ಕತ್ತದ, ಗ್ಲಾಸ್ ಎಳಿಯೋ ಕೇಬಲ್ ಕಡದಿರಬೇಕು. ಸಪ್ಪಳಾನೂ ಇಲ್ಲ, ಆದ್ರ ಬಟನ್ ಒತ್ತಿದಾಗ ಒಳಗಿನ ದೀಪ ಒಂದ ಚೂರು ಮಂದ ಆಗ್ತದ ಅಂದ್ರ ಕರೆಂಟು ಹೋಗ್ಲಿಕ್ಕತ್ತದ, ಏನೋ ಸಿಕ್ಕೊಂಡದ. ದೀಪಾನೂ ಮಂದ ಆಗ್ಲಿಲ್ಲಂದ್ರ ಕರೆಂಟ ಅಲ್ಲಿ ತನಕಾ ಮುಟ್ಟಿರಂಗಿಲ್ಲ, ಇಲ್ಲಾ ಮೋಟರ್ ಒಳಗಿನ ಕಾರ್ಬನ್ ಸವದಿರ್ತದ.

ಹಳೇ ಗಾಡ್ಯಾಗ ಬಹಳ ಕಾಡೋದು ಇನ್ನೊಂದು. ಬಾಗಲಾ ಅರ್ಧ ತಗದಾಗ ಗ್ಲಾಸ್ ಇಳೀತದ, ಹಾಕಿದ್ರ ನಿಲ್ತದ. ಬಾಗಲಾ ಮತ್ತ ಗಾಡಿ ನಡುವ ಕರೀ ರಬ್ಬರಿನ ಕೊಳವಿ ಇರ್ತದಲ್ಲ, ವೈರೆಲ್ಲಾ ಅದರೊಳಗಿಂದ ಹೋಗ್ತಾವು. ದಿನಾ ಹತ್ತ ಸಲ ತಗದು-ಹಾಕಿ, ಹದಿನೈದು ವರ್ಷ ಬಾಗಿ-ಬಾಗಿ ಒಳಗ ವೈರ್ ಕಡೀತದ. ಮ್ಯಾಲಿಂದ ಏನೂ ಕಾಣಂಗಿಲ್ಲ. "ಬಾಗಲಾ ಅಲಗಾಡಿಸಿದ್ರ ನಡೀತದ" ಅನ್ನೋ ಒಂದ ಮಾತು ನೀವು ಹೇಳಿದ್ರ ಎಲೆಕ್ಟ್ರಿಶಿಯನ್‌ಗೆ ಅರ್ಧಾ ದಿವಸದ ಕೆಲಸ ಉಳೀತದ.

ಗ್ಲಾಸ್ ನಿಧಾನಾಗಿ ಏರಿದ್ರ ಎಂಜಿನ್ ಚಾಲೂ ಮಾಡಿ ಒಮ್ಮೆ ನೋಡ್ರಿ. ಚಲೋ ಏರಿತಂದ್ರ ಬ್ಯಾಟರಿ ದಣಿದಿರಬಹುದು. ಹಂಗೂ ಏರ್ಲಿಲ್ಲಂದ್ರ ಗ್ಲಾಸ್ ಜಾರೋ ರಬ್ಬರ್ ಪಟ್ಟಿಯೊಳಗ ಮಣ್ಣು ತುಂಬಿರ್ತದ. ಹಸಿ ಅರಿಬಿಯಿಂದ ಒರಸಿ, ಒಣಗಿಸಿ, ಸಿಲಿಕೋನ್ ಸ್ಪ್ರೇ ಹೊಡೀರಿ. ಕೊಬ್ರಿ ಎಣ್ಣಿ, ಎಂಜಿನ್ ಎಣ್ಣಿ ಹಾಕಬ್ಯಾಡ್ರಿ. ಧೂಳು ಮೆತ್ತಗೊಂಡು ಇನ್ನೂ ಬಿಗೀತದ, ರಬ್ಬರೂ ಹಾಳು.

ಎಸಿ ಅಂದ ಕೂಡ್ಲೆ "ಗ್ಯಾಸ್ ತುಂಬಸ್ರಿ" ಅನ್ನೋದು ಒಂದು ರೂಢಿ ಆಗೇದ. ಗಾಳಿ ಬರಲಾರದ್ದು ಬ್ಯಾರೆ ಜಡ್ಡು, ಗಾಳಿ ಬಂದೂ ತಂಪಾಗಲಾರದ್ದು ಬ್ಯಾರೆ ಜಡ್ಡು. ಗಾಳಿನ ಬರವಲ್ದು ಅಂದ್ರ ಅದಕ್ಕೂ ಗ್ಯಾಸಿಗೂ ಬಹಳ ಸಲ ಸಂಬಂಧನ ಇಲ್ಲ. ರಸ್ತ್ಯಾಗ ಓಡುವಾಗ ತಂಪು, ಸಿಗ್ನಲ್‌ನ್ಯಾಗ ನಿಂತ್ರ ಬಿಸಿ ಅಂದ್ರ ಮುಂದಿನ ಕಂಡೆನ್ಸರಿನ ಫ್ಯಾನು ತಿರಗ್ತದೋ ಇಲ್ಲೋ ನೋಡ್ಸ್ರಿ. ಓಡುವಾಗ ರಸ್ತೆ ಗಾಳಿನ ಆ ಕೆಲಸ ಮಾಡ್ತದ, ನಿಂತಾಗ ಫ್ಯಾನು ಮಾಡ್ಬೇಕು. ಇನ್ನ ಗ್ಯಾಸ್ ಕಡಿಮಿ ಆಗಿದ್ರ ಅದು ಎಲ್ಲೋ ಸೋರೇದ ಅಂತನ ಅರ್ಥ, ಪೆಟ್ರೋಲಿನಂಗ ಉರದು ಖರ್ಚಾಗೋದಲ್ಲ. ಸೋರೋ ಜಾಗಾ ಹುಡುಕಲಾರದ ತುಂಬಸೋದು ತೂತಿನ ಕೊಡಕ್ಕ ನೀರ್ ಹಾಕಿದಂಗ. ಇದನ್ನ ಮನ್ಯಾಗ ಬಿಚ್ಚಬ್ಯಾಡ್ರಿ. ಅದರೊಳಗ ಭಾಳ ಒತ್ತಡ ಇರ್ತದ, ಗ್ಯಾಸ್ ಮೈಗೆ ತಾಗಿದ್ರ ಚರ್ಮಾ ಹೆಪ್ಪುಗಟ್ಟಿ ಗಾಯ ಆಗ್ತದ.

ಎಡಗಡೆ ಮುಂದಿನ ಸೀಟಿನವರ ಕಾಲ ಹತ್ರ ನೀರು ಕಂಡ್ರ ಗಾಬರಿ ಬ್ಯಾಡ. ಎಸಿ ನೀರು ಹೊರಗ ಹೋಗೋ ಸಣ್ಣ ನಳಿಗಿ ಕಸಾ ಸಿಕ್ಕು ಕಟ್ಟಿರ್ತದ, ಅದನ್ನ ಸ್ವಚ್ಛ ಮಾಡಿದ್ರ ಮುಗೀತು. ಆದ್ರ ಆ ನೀರು ಅಂಟಂಟಾಗಿ, ಸಿಹಿ ವಾಸನಿ ಬಂದ್ರ ಅದು ಎಂಜಿನ್ನಿನ ಕೂಲಂಟ್. ಅವತ್ತ ಗ್ಯಾರೇಜಿಗೆ ಹೋಗ್ರಿ.

ಸೆಂಟ್ರಲ್ ಲಾಕಿನ ಮಾತೂ ಹಂಗ. ರಿಮೋಟಿಗೆ ಯಾವ ಬಾಗಲಾನೂ ಬೀಳವಲ್ದು, ಚಾವಿಗೆ ಬೀಳ್ತದ ಅಂದ್ರ ರಿಮೋಟಿನ ಗುಂಡಿ ಸೆಲ್ ಬದಲ ಮಾಡ್ರಿ. ಒಂದ ಬಾಗಲಾ ಬೀಳವಲ್ದು ಅಂದ್ರ ಆ ಬಾಗಲದ್ದ ಸಣ್ಣ ಮೋಟರ್, ಇಲ್ಲಾ ಅದ ರಬ್ಬರ್ ಕೊಳವ್ಯಾಗಿನ ವೈರು. ಎಲ್ಲಾ ಸೆಟ್ ಬದಲಸ್ತೇನಿ ಅಂದ್ರ "ಮೂರು ಚಲೋ ಅದಾವಲ್ಲ, ಅವನ್ಯಾಕ ತಗೀತಿ?" ಅಂತ ಕೇಳ್ರಿ.

ಈಗ ಎಲ್ಲಾಕ್ಕಿಂತ ಗಂಭೀರ ಮಾತು. ಫ್ಯೂಸ್ ಹೋದ್ರ ಅಷ್ಟ ಆಂಪಿಯರಿಂದ ಹಾಕ್ಬೇಕು. ಬಣ್ಣದ ಮ್ಯಾಲೆ ಗುರ್ತು ಸಿಗ್ತದ: ಕೆಂಪು 10, ನೀಲಿ 15, ಹಳದಿ 20, ಹಸರು 30. ಯಾವ ಫ್ಯೂಸ್ ಯಾವುದಕ್ಕ ಅನ್ನೋದು ಗಾಡಿ ಪುಸ್ತಕದಾಗ ಇರ್ತದ, ಬಹಳ ಗಾಡ್ಯಾಗ ಫ್ಯೂಸ್ ಡಬ್ಬಿ ಮುಚ್ಚಳದ ಮ್ಯಾಲೂ ಬರದಿರ್ತಾರ. "ಪದೇ ಪದೇ ಹೋಗ್ತದ, ದೊಡ್ಡದು ಹಾಕಿ ಬಿಡ್ತೇನಿ" ಅಂದ್ರ ಬಿಲ್ಕುಲ್ ಒಪ್ಪಬ್ಯಾಡ್ರಿ. ಫ್ಯೂಸ್ ಇರೋದ ತಾನು ಸುಟ್ಟು ವೈರ್ ಉಳಸ್ಲಿಕ್ಕೆ. ದೊಡ್ಡ ಫ್ಯೂಸ್ ಹಾಕಿದ್ರ ಅದು ಉಳೀತದ, ವೈರ್ ಸುಡ್ತದ, ಮತ್ತ ಆ ವೈರ್ ಹೋಗೋದು ನಾವು ಕೂತ ಸೀಟಿನ ಕೆಳಗ. ಎರಡನೇ ಸಲ ಅದ ಫ್ಯೂಸ್ ಹೋತಂದ್ರ ಎಲ್ಲೋ ವೈರ್ ತಿಕ್ಕಿ ಶಾರ್ಟ್ ಆಗೇದ, ಇಲ್ಲಾ ಮೋಟರ್ ಬಿಗದದ ಅಂತ ತಿಳ್ಕೋರಿ. ಮತ್ತ ಡ್ಯಾಶ್‌ಬೋರ್ಡ್ ಕೆಳಗ, ಸೀಟಿನ ಕೆಳಗ ಹಳದಿ ಕವಚದ ವೈರ್ ಕಂಡ್ರ ಅದು ಏರ್‌ಬ್ಯಾಗಿಂದು, ಅದನ್ನ ಮುಟ್ಟಬಾರದು. ಹಳೇ ಗಾಡ್ಯಾಗಿನ ಗ್ಲಾಸಿಗೆ ನಡುವ ಕೈ ಸಿಕ್ರ ತಾನ ಹಿಂದ ಸರಿಯೋ ಸೌಲಭ್ಯ ಸಾಮಾನ್ಯಾಗಿ ಇರಂಗಿಲ್ಲ. ರಿಪೇರಿ ಆದ ಖುಷ್ಯಾಗ ಹುಡುಗ್ರ ಕೈಯಾಗ ಬಟನ್ ಕೊಡಬ್ಯಾಡ್ರಿ.

"ಹಳೇ ಗಾಡಿಗೆ ಯಾಕ ಇಷ್ಟು ಕಾಳಜಿ, ಮಾರಿ ಹೊಸಾದು ತಗೋಬಾರದ?" ಅಂತ ಕೆಲವರು ಕೇಳ್ತಾರ. ತಗೋಳ್ಳಿಕ್ಕೆ ಶಕ್ತಿ ಇದ್ದವರು ತಗೋಬಹುದು. ಎಂಜಿನ್ ಗಟ್ಟಿ ಇದ್ದ ಗಾಡೀನ ಒಂದು ರೆಸಿಸ್ಟರಿನ ಸಲುವಾಗಿ, ಒಂದು ಕಡದ ವೈರಿನ ಸಲುವಾಗಿ ಮಾರಿ ಐದ ವರ್ಷ ಇಎಂಐ ಕಟ್ಟೋದು ನನಗಂತೂ ಶಾಣ್ಯಾತನ ಅನ್ನಸಂಗಿಲ್ಲ. ಹಂಗಂತ ಎಲ್ಲಾನೂ ನಾವ ಬಿಚ್ಚಬೇಕು ಅಂತಾನೂ ನಾ ಹೇಳವಲ್ಲೆ. ಬಾಗಲದ ಪ್ಯಾನೆಲ್ ತಗಿಯೋದು, ವೈರ್ ಜೋಡಿಸೋದು, ಮೀಟರ್ ಹಿಡದು ನೋಡೋದು ಆ ಕಸಬಿನವರ ಕೆಲಸ. ಚಲೋ ಎಲೆಕ್ಟ್ರಿಶಿಯನ್ ಸಾಮಾನು ಬದಲಸೋಕಿಂತ ಮೊದಲ ಮೋಟರಿನ ಹತ್ರ ಕರೆಂಟ್ ಬರ್ತದೋ ಇಲ್ಲೋ ಅಂತ ಟೆಸ್ಟ್ ಲ್ಯಾಂಪ್ ಇಲ್ಲಾ ಮೀಟರ್ ಹಿಡದು ನೋಡ್ತಾನ. ನೋಡಲಾರದನ ರೇಟ್ ಹೇಳಾಂವನ ಹತ್ರ ಚಾವಿ ಕೊಡಬ್ಯಾಡ್ರಿ. ಬದಲಸಿದ ಹಳೇ ಸಾಮಾನು ಮನಿಗೆ ಕೊಡು ಅಂತ ಮೊದಲನ ಹೇಳ್ರಿ. ಅಷ್ಟು ಹೇಳಿದ್ರ ಅರ್ಧಾ ತಕರಾರು ಅಲ್ಲೇ ಮುಗೀತದ.

ಗಂಡಸರು ಗ್ಯಾರೇಜಿಗೆ ಹೋಗ್ಲಿ, ಬ್ಯಾಡ ಅನ್ನಂಗಿಲ್ಲ. ಹೋಗೋವಾಗ ನಮ್ಮ ಚೀಟಿ ಒಂದು ಜೋಡಿ ಹೋಗ್ಲಿ. ಕಿರಾಣಿ ಯಾದಿ ಬರದಂಗ ಬರೀರಿ: "ಹಿಂದ ಎಡಗಡೆ ಗ್ಲಾಸು. ತನ್ನ ಬಟನ್ನಿಗೆ ಇಳಿಯಂಗಿಲ್ಲ, ಡ್ರೈವರ್ ಬಟನ್ನಿಗೆ ಇಳೀತದ. ಮಳಿ ಬಂದ ಮರುದಿವಸದಿಂದ." ಇಷ್ಟ ಸಾಕು. ಬರೋ ರವಿವಾರ ಚಾ ಕುಡದ ಮ್ಯಾಲೆ ಹತ್ತ ನಿಮಿಷ ಗಾಡ್ಯಾಗ ಕೂತು ನಾಕೂ ಗ್ಲಾಸು, ನಾಕೂ ಲಾಕು, ಫ್ಯಾನಿನ ನಾಕೂ ಸ್ಪೀಡು ಒಂದೊಂದಾಗಿ ಒತ್ತಿ ನೋಡ್ರಿ. ಕೆಟ್ಟದ್ದು ಬರಕೋರಿ. ಹಿಂದಿನ ಸೀಟಿಂದ ಸುರು ಮಾಡ್ರಿ, ಅಷ್ಟ ನನ್ನ ವಿನಂತಿ.