ಬಲೂನು ಮನೆಯ ತಾತ ಮತ್ತು ನಮ್ಮ ‘ನನಗ್ಯಾಕೆ ಯೂನಿಯನ್ನು?’

ಮೊನ್ನೆ ಆಫೀಸ್ ಕ್ಯಾಂಟೀನಿನಲ್ಲಿ ‘ಯೂನಿಯನ್’ ಅನ್ನೋ ಪದ ನನ್ನ ಬಾಯಿಂದ ಜಾರಿತು ನೋಡಿ, ಟೇಬಲ್ಲಿನಲ್ಲಿದ್ದ ಐದೂ ಜನ ಸಾಂಬಾರಿನಲ್ಲಿ ಹಲ್ಲಿ ಬಿದ್ದಿದೆ ಅಂತ ನಾನು ಹೇಳಿದ ಹಾಗೆ ಮುಖ ಮಾಡಿದರು. “ಅದೆಲ್ಲ ಫ್ಯಾಕ್ಟರಿಯವರಿಗೆ ಮಗಾ. ನಾವು ಪ್ರೊಫೆಷನಲ್ಸು. ನಮ್ಮ ಸ್ಕಿಲ್ಲೇ ನಮ್ಮ ಯೂನಿಯನ್ನು” ಅಂದ ಒಬ್ಬ. ಮಾತು ಚೆನ್ನಾಗಿತ್ತು. ಲಿಂಕ್ಡ್‌ಇನ್ನಿನಲ್ಲಿ ಹಾಕಿದ್ದರೆ ಲೈಕುಗಳು ಬೀಳುತ್ತಿದ್ದವು. ಆದರೆ ಅದು ಸುಳ್ಳು. ಎಷ್ಟು ಸುಳ್ಳು ಅಂತ ತೋರಿಸೋಕೆ ನನಗೆ ನಿಮಗೆಲ್ಲ ಗೊತ್ತಿರುವ ಒಬ್ಬ ತಾತ ಬೇಕು.

2009ರ ಪಿಕ್ಸಾರ್ ಸಿನಿಮಾ ‘ಅಪ್’ ನೋಡಿದ್ದೀರಲ್ಲ? ಹೆಂಡತಿ ಸತ್ತ ಮೇಲೆ ಮನೆಗೆ ಸಾವಿರಾರು ಬಲೂನು ಕಟ್ಟಿ ಹಾರಿಸಿಕೊಂಡು ಹೋಗುವ ಸಿಡುಕ ತಾತ. ಮೊದಲ ಹತ್ತು ನಿಮಿಷದಲ್ಲೇ ನಮ್ಮನ್ನೆಲ್ಲ ಅಳಿಸಿದ ಸಿನಿಮಾ. ಆ ತಾತನ ಗೊಗ್ಗರು ದನಿ ಎಡ್ ಆಸ್ನರ್ ಅನ್ನುವವನದು. ನಮಗೆ ಗೊತ್ತಿರೋದು ಆ ದನಿ ಅಷ್ಟೇ. ಆ ದನಿ ಅದಕ್ಕೂ ಮೊದಲು ಮೈಕಿನ ಹೊರಗೆ ಏನೇನು ಕೂಗಿತ್ತು ಅನ್ನೋದು ಗೊತ್ತಿಲ್ಲ.

ಆಸ್ನರ್ ಹುಟ್ಟಿದ್ದು 1929ರಲ್ಲಿ, ಅಮೆರಿಕದ ಕಾನ್ಸಾಸ್ ಸಿಟಿಯಲ್ಲಿ. ಅಪ್ಪನದು ಗುಜರಿ ವ್ಯಾಪಾರ. ನಟನಾಗುವ ಮೊದಲು ಜನರಲ್ ಮೋಟಾರ್ಸ್‌ನ ಅಸೆಂಬ್ಲಿ ಲೈನಿನಲ್ಲಿ ದುಡಿದವನು. 1970ರಲ್ಲಿ ‘ದ ಮೇರಿ ಟೈಲರ್ ಮೂರ್ ಶೋ’ನಲ್ಲಿ ಲೂ ಗ್ರಾಂಟ್ ಅನ್ನೋ ನ್ಯೂಸ್‌ರೂಮ್ ಬಾಸ್ ಆದ. ಆ ಹಾಸ್ಯ ಧಾರಾವಾಹಿ ಮುಗಿದ ಮೇಲೆ 1977ರಲ್ಲಿ ಅದೇ ಪಾತ್ರವನ್ನು ‘ಲೂ ಗ್ರಾಂಟ್’ ಹೆಸರಿನ ಗಂಭೀರ ಧಾರಾವಾಹಿಗೆ ಒಯ್ದರು. ಒಂದೇ ಪಾತ್ರಕ್ಕೆ ಹಾಸ್ಯದಲ್ಲೂ ಎಮ್ಮಿ, ಗಂಭೀರದಲ್ಲೂ ಎಮ್ಮಿ. ಒಟ್ಟು 7 ಎಮ್ಮಿ.

ನಮ್ಮ ಕ್ಯಾಂಟೀನಿನ ಲೆಕ್ಕದಲ್ಲಿ ಇವನು ‘ಟಾಪ್ ಪರ್ಫಾರ್ಮರ್’. ಯಾರ ಹಂಗೂ ಇಲ್ಲದೆ ತನ್ನ ರೇಟು ತಾನೇ ಮಾತಾಡಿಕೊಳ್ಳಬಲ್ಲವನು. ಇವನಿಗ್ಯಾಕೆ ಸ್ವಾಮಿ ಯೂನಿಯನ್ನು?

1980ರ ಜುಲೈನಲ್ಲಿ ಹಾಲಿವುಡ್ ನಟರು ಮುಷ್ಕರ ಹೂಡಿದರು. ಜಗಳ ಹೊಸ ಟೆಕ್ನಾಲಜಿಯದ್ದು. ವಿಡಿಯೋ ಕ್ಯಾಸೆಟ್ಟು, ಪೇ ಟಿವಿ ಆಗಷ್ಟೇ ಬರುತ್ತಿದ್ದವು. ಒಮ್ಮೆ ನಟಿಸಿದ್ದನ್ನು ಕಂಪನಿಗಳು ಹೊಸ ಹೊಸ ಡಬ್ಬಗಳಲ್ಲಿ ಮಾರಿ ದುಡ್ಡು ಮಾಡುತ್ತಿದ್ದರೆ ನಟನಿಗೂ ಪಾಲು ಬೇಕು ಅನ್ನೋದು ಬೇಡಿಕೆ. ಆಸ್ನರ್ ಬೀದಿಗಿಳಿದ. ಆ ವರ್ಷ ನಟರು ಎಮ್ಮಿ ಸಮಾರಂಭವನ್ನೇ ಬಹಿಷ್ಕರಿಸಿದರು. ಗೆದ್ದ ನಟರಲ್ಲಿ ವೇದಿಕೆ ಹತ್ತಿದ್ದು ಪವರ್ಸ್ ಬೂತ್ ಒಬ್ಬನೇ. ಆಸ್ನರ್ ಕೂಡ ಅವತ್ತು ಗೆದ್ದಿದ್ದ, ‘ಲೂ ಗ್ರಾಂಟ್’ಗೆ. ಪ್ರಶಸ್ತಿ ಘೋಷಣೆ ಆಯಿತು, ತಗೊಳ್ಳೋಕೆ ಅವನಿರಲಿಲ್ಲ. ನಮ್ಮ ಆಫೀಸಿನಲ್ಲಿ ‘ಸ್ಪಾಟ್ ಅವಾರ್ಡ್’ ಕೊಡ್ತೀವಿ ಅಂದರೆ ರಜೆ ಹಾಕಿದವರೂ ಓಡಿ ಬರ್ತಾರೆ.

1981ರಲ್ಲಿ ಆಸ್ನರ್ ನಟರ ಸಂಘವಾದ ಸ್ಕ್ರೀನ್ ಆಕ್ಟರ್ಸ್ ಗಿಲ್ಡ್‌ನ ಅಧ್ಯಕ್ಷನಾದ. ಕಾಲ ಎಂಥದ್ದು ಅಂದರೆ, ಅದೇ ವರ್ಷ ಆಗಸ್ಟಿನಲ್ಲಿ ಅಧ್ಯಕ್ಷ ರೊನಾಲ್ಡ್ ರೇಗನ್ ಮುಷ್ಕರ ಹೂಡಿದ್ದ 11,000ಕ್ಕೂ ಹೆಚ್ಚು ವಿಮಾನ ಸಂಚಾರ ನಿಯಂತ್ರಕರನ್ನು ಒಂದೇ ಏಟಿಗೆ ಕೆಲಸದಿಂದ ತೆಗೆದಿದ್ದ. ತಮಾಷೆ ಏನು ಗೊತ್ತಾ? ಈ ರೇಗನ್ ಒಂದು ಕಾಲದಲ್ಲಿ ಇದೇ ಗಿಲ್ಡ್‌ನ ಅಧ್ಯಕ್ಷ. 1960ರ ನಟರ ಮುಷ್ಕರದ ನಾಯಕ. ಸಿನಿಮಾ ಟಿವಿಯಲ್ಲಿ ಮರುಪ್ರಸಾರವಾದಾಗ ನಟರಿಗೆ ಸಿಗುವ ಪಾಲು, ಪಿಂಚಣಿ, ಆರೋಗ್ಯ ನಿಧಿ, ಎಲ್ಲ ಆ ಮುಷ್ಕರದ ಫಲ. ಏಣಿ ಹತ್ತಿದ ಮೇಲೆ ಏಣಿ ಒದೆಯುವವರು ನಮ್ಮ ಮ್ಯಾನೇಜರುಗಳಲ್ಲಿ ಮಾತ್ರ ಇರೋದು ಅಂದುಕೊಂಡಿದ್ದೆ.

“ಆಸ್ನರ್ ಸ್ಟಾರು ಕಣೋ, ಅವನಿಗೆ ಧೈರ್ಯ ಮಾಡೋಕೆ ಆಗತ್ತೆ, ನಮಗೆ ಇಎಂಐ ಇದೆ” ಅಂತೀರಿ ತಾನೆ? ಕೇಳಿ. 1982ರ ಫೆಬ್ರವರಿಯಲ್ಲಿ ಆಸ್ನರ್ ಮತ್ತವನ ಗೆಳೆಯರು ವಾಷಿಂಗ್ಟನ್‌ನಲ್ಲಿ ನಿಂತು, ಎಲ್ ಸಾಲ್ವಡಾರ್‌ನ ಅಂತರ್ಯುದ್ಧದಲ್ಲಿ ನರಳುತ್ತಿದ್ದವರ ಔಷಧಿಗೆ 25,000 ಡಾಲರ್ ಘೋಷಿಸಿದರು. ಅಲ್ಲಿ ರೇಗನ್ ಸರ್ಕಾರ ನಿಂತಿದ್ದು ಸೈನಿಕ ಆಡಳಿತದ ಬೆನ್ನಿಗೆ. ಗದ್ದಲ ಎದ್ದಿತು. ನಟ ಚಾರ್ಲ್‌ಟನ್ ಹೆಸ್ಟನ್ ಥರದವರು ಯೂನಿಯನ್ ಹೆಸರು ದುರ್ಬಳಕೆ ಆಯಿತು ಅಂದರು. ನಾನು ವ್ಯಕ್ತಿಯಾಗಿ ಮಾತಾಡಿದ್ದು ಅನ್ನೋದು ಆಸ್ನರ್ ಸಮಜಾಯಿಷಿ. ಇಲ್ಲಿ ಅವನದೂ ಸ್ವಲ್ಪ ತಪ್ಪಿದೆ ಅಂತಲೇ ನನ್ನ ಅನಿಸಿಕೆ. ಸಾವಿರಾರು ಜನರ ಅಧ್ಯಕ್ಷನಾದವನು ಬೇಕೆಂದಾಗ ಆ ಟೋಪಿ ತೆಗೆದಿಟ್ಟು ಮಾತಾಡೋಕೆ ಆಗಲ್ಲ. ಆದರೆ ಅವನು ಕೊಟ್ಟ ಬೆಲೆ ನೋಡಿ. ಬೆದರಿಕೆಗಳು ಬಂದವು. ಜಾಹೀರಾತುದಾರರು ಹಿಂದೆ ಸರಿದರು. ಮೇ ತಿಂಗಳಲ್ಲಿ ಸಿಬಿಎಸ್ ‘ಲೂ ಗ್ರಾಂಟ್’ ಧಾರಾವಾಹಿಯನ್ನೇ ನಿಲ್ಲಿಸಿತು. ರೇಟಿಂಗ್ ಇಳಿದಿತ್ತು ಅಂತ ಚಾನೆಲ್ಲು. ರಾಜಕೀಯವೇ ಕಾರಣ ಅಂತ ಆಸ್ನರ್ ಕೊನೆಯವರೆಗೂ ನಂಬಿದ್ದ.

ಈಗ ಹೇಳಿ, ಸ್ಕಿಲ್ಲು ಕಾಪಾಡಿತಾ? 7 ಎಮ್ಮಿ ಕಾಪಾಡಿದವಾ? ಕಾಪಾಡಲಿಲ್ಲ. ಒಬ್ಬಂಟಿ ಸ್ಟಾರೂ ಒಬ್ಬಂಟಿಯೇ. 1983ರಲ್ಲಿ ಅವನನ್ನು ಮತ್ತೆ ಅಧ್ಯಕ್ಷನನ್ನಾಗಿ ಆರಿಸಿದ್ದು ಆ ಸಂಘದ ಸದಸ್ಯರು. ಅವರಲ್ಲಿ ಮುಕ್ಕಾಲು ಜನರ ಮುಖ ನಮಗೆ ಯಾವತ್ತೂ ಗೊತ್ತಾಗಲ್ಲ.

ಇನ್ನೊಂದು ವಾದ ಇದೆ. “ಯೂನಿಯನ್ ಅಂದ್ರೆ ಬರೀ ಪಾಲಿಟಿಕ್ಸು, ಲೀಡರುಗಳು ತಿಂದು ಹಾಕ್ತಾರೆ.” ಇರಬಹುದು. ಯೂನಿಯನ್ ಏನು ದೇವಸ್ಥಾನ ಅಲ್ಲ. 2012ರಲ್ಲಿ ಆಸ್ನರ್‌ನ ಗಿಲ್ಡ್ ಇನ್ನೊಂದು ಸಂಘದ ಜೊತೆ ವಿಲೀನವಾಗಿ ‘ಸ್ಯಾಗ್-ಆಫ್ಟ್ರಾ’ ಆಗುವಾಗ ಆಸ್ನರ್ ತನ್ನದೇ ಸಂಘದ ವಿರುದ್ಧ ಕೋರ್ಟಿಗೆ ಹೋದವರಲ್ಲೊಬ್ಬ. ಪಿಂಚಣಿ, ಆರೋಗ್ಯ ವಿಮೆಗೆ ಏನಾಗತ್ತೆ ಅಂತ ಸರಿಯಾಗಿ ಲೆಕ್ಕ ಹಾಕಿಲ್ಲ ಅನ್ನೋದು ತಕರಾರು. ಸೋತ. ಎಂಟು ವರ್ಷದ ನಂತರ, ಯೂನಿಯನ್ನೂ ನಿರ್ಮಾಪಕರೂ ಜಂಟಿಯಾಗಿ ನಡೆಸುವ ಆರೋಗ್ಯ ಯೋಜನೆ ಹೊಸ ನಿಯಮ ತಂದಿತು. ವಯಸ್ಸಾದ ಎಷ್ಟೋ ನಟರ ವಿಮೆ ಕೈತಪ್ಪುವ ಹಾಗಾಯಿತು. 2020ರ ಡಿಸೆಂಬರಿನಲ್ಲಿ ಅದರ ಮೇಲೆ ದಾವೆ ಹಾಕಿದವರಲ್ಲಿ ಮೊದಲ ಹೆಸರು ಎಡ್ ಆಸ್ನರ್. ವಯಸ್ಸು 91. 2021ರ ಆಗಸ್ಟಿನಲ್ಲಿ ಅವನು ತೀರಿಕೊಂಡ. ದಾವೆ ರಾಜಿಯಲ್ಲಿ ಮುಗಿದಿದ್ದು 2023ರಲ್ಲಿ. ಮನೆ ಸೋರುತ್ತೆ ಅಂತ ಬೀದಿಯಲ್ಲಿ ಮಲಗೋಕೆ ಹೋಗಲಿಲ್ಲ ಆ ಮುದುಕ, ಏಣಿ ಹಾಕಿ ಮಾಡು ಹತ್ತಿದ. ನಾವೋ, ಮನೆ ಕಟ್ಟುವ ಮೊದಲೇ ಸೋರಬಹುದು ಅಂತ ಕಟ್ಟದೇ ಕೂತಿದ್ದೀವಿ.

ಆ ಸಂಘ ಈಗೇನು ಮಾಡಿದೆ ಅಂತಲೂ ನೋಡಿ. 2023ರಲ್ಲಿ 118 ದಿನ ಮುಷ್ಕರ. ನಟರ ಮುಖ, ದನಿಯನ್ನು ಎಐನಿಂದ ನಕಲು ಮಾಡಬೇಕಾದರೆ ಒಪ್ಪಿಗೆ ಬೇಕು, ದುಡ್ಡೂ ಕೊಡಬೇಕು ಅಂತ ಒಪ್ಪಂದದಲ್ಲಿ ಬರೆಸಿಕೊಂಡರು. ಆಮೇಲೆ ವಿಡಿಯೋ ಗೇಮ್‌ಗಳ ದನಿ ಕಲಾವಿದರು 2024ರ ಜುಲೈನಿಂದ ಹತ್ತಿರ ಹತ್ತಿರ ಒಂದು ವರ್ಷ ಇದೇ ಎಐ ವಿಷಯಕ್ಕೆ ಹೋರಾಡಿದರು. ಎಐ ಬಂದರೆ ನಮ್ಮ ಕೆಲಸ ಏನು ಅಂತ ನಾವೂ ರಾತ್ರಿ ನಿದ್ದೆಗೆಡ್ತೀವಿ. ವ್ಯತ್ಯಾಸ ಇಷ್ಟೇ: ಅವರು ಕೂತು ಒಪ್ಪಂದ ಬರೆಸಿದರು, ನಾವು ಕೂತು ಪ್ರಾಂಪ್ಟ್ ಎಂಜಿನಿಯರಿಂಗ್ ಕೋರ್ಸಿಗೆ ದುಡ್ಡು ಕಟ್ಟಿದೆವು.

ಉಪದೇಶ ಮಾಡುವ ಯೋಗ್ಯತೆ ನನಗಿಲ್ಲ. ಹಿಂದಿನ ಕಂಪನಿಯಲ್ಲಿ ನನ್ನ ಪಕ್ಕದ ಸೀಟಿನವಳನ್ನು ಒಂದು ಮಂಗಳವಾರ ಹದಿನೈದು ನಿಮಿಷದ ಕಾಲ್‌ಗೆ ಕರೆದರು. ವಾಪಸ್ ಬಂದಾಗ ಲ್ಯಾಪ್‌ಟಾಪ್ ಲಾಕ್ ಆಗಿತ್ತು. ಅವಳು ಡೆಸ್ಕಿನ ಮೇಲಿದ್ದ ಪುಟ್ಟ ಗಿಡ ಎತ್ತಿಕೊಂಡು ಲಿಫ್ಟಿನ ಕಡೆ ನಡೆದಳು. ನಾವು ಹನ್ನೊಂದು ಜನ ಸ್ಕ್ರೀನ್ ನೋಡುತ್ತಾ ಕೂತಿದ್ದೆವು. ನನ್ನ ಸ್ಕ್ರೀನಿನಲ್ಲಿ ಏನೂ ಇರಲಿಲ್ಲ. ಸಂಜೆ ವಾಟ್ಸ್ಆಪ್‌ನಲ್ಲಿ “ಸ್ಟೇ ಸ್ಟ್ರಾಂಗ್” ಅಂತ ಕಳಿಸಿದೆ. ನನ್ನ ಸ್ಕಿಲ್ಲು ಅವತ್ತು ಅವಳಿಗಾಗಿ ಮಾಡಿದ್ದು ಅಷ್ಟೇ.

ಬೆಂಗಳೂರಿನಲ್ಲಿ ಯೂನಿಯನ್ನೇ ಇಲ್ಲ ಅನ್ನಬೇಡಿ. ಕರ್ನಾಟಕ ರಾಜ್ಯ ಐಟಿ/ಐಟಿಇಎಸ್ ನೌಕರರ ಸಂಘ, ಕೆಐಟಿಯು, 2017ರಿಂದ ಇದೆ. 2024ರಲ್ಲಿ ಐಟಿಯವರ ಕೆಲಸದ ಅವಧಿಯನ್ನು ದಿನಕ್ಕೆ 14 ಗಂಟೆಯವರೆಗೆ ಎಳೆಯುವ ಪ್ರಸ್ತಾಪ ಬಂದಾಗ ಬೀದಿಗಿಳಿದು ಕೂಗಿದ್ದು ಅವರೇ. ಆ ಸುದ್ದಿಗೆ ನಾವೆಲ್ಲ ಮೀಮ್ ಮಾಡಿ ಹಂಚಿದೆವು. ಅವರ ಎಲ್ಲ ಮಾತೂ ನನಗೆ ಒಪ್ಪಿಗೆ ಅಂತಲ್ಲ. ಒಪ್ಪಿಗೆಯಿಲ್ಲದ್ದನ್ನು ಒಳಗಿದ್ದೇ ಜಗಳ ಆಡಬಹುದು ಅಂತ ಆ ತಾತ ತೋರಿಸಿಕೊಟ್ಟಿದ್ದಾನಲ್ಲ, ಅದಕ್ಕೇ ಕಳೆದ ತಿಂಗಳು ನಾನು ಸದಸ್ಯತ್ವದ ಫಾರಂ ತುಂಬಿದೆ.

ಕ್ಯಾಂಟೀನಿನ ಗೆಳೆಯನಿಗೆ ಇನ್ನೂ ಹೇಳಿಲ್ಲ. ಈ ಬರಹ ಓದಿದರೆ ಅವನಿಗೆ ಗೊತ್ತಾಗತ್ತೆ. ನಾಳೆ ಊಟಕ್ಕೆ ಅದೇ ಟೇಬಲ್ಲಿಗೆ ಬಾರೋ, ಇನ್ನೊಂದು ಫಾರಂ ತಂದಿರ್ತೀನಿ.