ರಾವುಳನ ಸೀನು, ಪಂಚೆಯ ಸ್ಪೈಡರ್‌ಮ್ಯಾನ್

ಮಕ್ಕಳೇ, ಕಳೆದ ಬೇಸಿಗೆ ರಜೆಯಲ್ಲಿ ದೊಡ್ಡಬಳ್ಳಾಪುರದ ನಮ್ಮ ಮನೆಯಲ್ಲಿ ಒಂದು ಸಣ್ಣ ಜಗಳವಾಯಿತು. ಸೀತಮ್ಮ ಹುಟ್ಟಿದ್ದು ಹೇಗೆ ಅನ್ನುವುದೇ ಜಗಳದ ವಿಷಯ.

ರಾತ್ರಿ ಊಟವಾದ ಮೇಲೆ ನಮ್ಮ ಮನೆಯಾಕೆ ಮೊಮ್ಮಗನಿಗೆ ಕಥೆ ಹೇಳುತ್ತಿದ್ದಳು. ನೆಲಮಂಗಲದ ಕಡೆಯವರಾದ ತನ್ನ ತಾಯಿಯಿಂದ ಅವಳು ಕೇಳಿದ ಕಥೆ ಅದು. ರಾವಣನನ್ನು ಅವಳು ರಾವುಳ ಎಂದೇ ಕರೆಯುವುದು. ರಾವುಳನಿಗೆ ಮಕ್ಕಳಿರಲಿಲ್ಲ. ಒಬ್ಬ ಜೋಗಿ ಅವನಿಗೆ ಮಾವಿನಹಣ್ಣು ಕೊಟ್ಟು, "ಇದರಲ್ಲಿ ಹೆಂಡತಿಗೆ ಏನು ಕೊಡ್ತೀಯ?" ಎಂದು ಕೇಳಿದ. "ತಿರುಳೆಲ್ಲ ಅವಳಿಗೆ, ವಾಟೆ ನನಗೆ" ಅಂದ ರಾವುಳ. ಮನೆಗೆ ಹೋದವನು ಮಾಡಿದ್ದೇ ಬೇರೆ. ತಿರುಳು ತಾನು ತಿಂದು, ವಾಟೆ ಹೆಂಡತಿಗೆ ಕೊಟ್ಟ. ಸರಿ, ಬಸುರಿಯಾದವನು ಅವನೇ! ದಿನಕ್ಕೊಂದು ತಿಂಗಳಿನಂತೆ ಹೊಟ್ಟೆ ಬೆಳೆಯಿತು. ಒಂಬತ್ತನೇ ದಿನ ಜೋರಾಗಿ ಸೀನಿದ, ಮಗು ಹುಟ್ಟಿತು. ಹಳ್ಳಿಯ ಮಾತಿನಲ್ಲಿ ಸೀನಿದ ಅನ್ನುವುದಕ್ಕೆ 'ಸೀತ' ಅನ್ನುತ್ತಾರೆ. ಅದಕ್ಕೇ ಆ ಮಗು ಸೀತೆ. ಸುಳ್ಳು ಹೇಳಿದ್ದಕ್ಕೆ ಬಂದ ಶಿಕ್ಷೆ ಇದು ಎಂದು ಜೋಯಿಸರು ಹೇಳಿದರು. ಮಗುವನ್ನು ಪೆಟ್ಟಿಗೆಯಲ್ಲಿಟ್ಟು ದೂರ ಬಿಟ್ಟುಬಂದರು. ಅದು ಜನಕರಾಜನಿಗೆ ಸಿಕ್ಕಿತು.

"ಅಜ್ಜಿ, ಇದು ತಪ್ಪು!" ಅಂದ ಮೊಮ್ಮಗ. "ಸೀತೆ ಸಿಕ್ಕಿದ್ದು ಹೊಲ ಉಳುವಾಗ. ನನ್ನ ಪುಸ್ತಕದಲ್ಲೂ ಹಾಗೇ ಇದೆ, ಕಾರ್ಟೂನ್‌ನಲ್ಲೂ ಹಾಗೇ ಇದೆ."

"ಇರಬಹುದು ಕಣಪ್ಪ, ನಾವು ಓದಿದವರಲ್ಲ" ಎಂದು ಅವಳು ದೀಪ ಆರಿಸಿದಳು. ನಾನೂ ಅಲ್ಲೇ ಕೂತಿದ್ದೆ. ಮೇಷ್ಟ್ರಾಗಿದ್ದವನು ನೋಡಿ, ಪುಸ್ತಕ ಅಂದ ಕೂಡಲೇ ಅವನ ಮಾತಿಗೆ ತಲೆಯಾಡಿಸಿಬಿಟ್ಟೆ. ಅಂದಿನಿಂದ ನಮ್ಮ ಮನೆಯಲ್ಲಿ ಕಥೆ ನಿಂತುಹೋಯಿತು.

ದಸರಾ ರಜೆಗೆ ಬಂದಾಗ ಮೊಮ್ಮಗ ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡು ಒಂದು ಸಿನಿಮಾ ತೋರಿಸಿದ. 2023ರಲ್ಲಿ ಬಂದ 'ಸ್ಪೈಡರ್‌ಮ್ಯಾನ್: ಅಕ್ರಾಸ್ ದ ಸ್ಪೈಡರ್‌ವರ್ಸ್' ಎಂಬ ಅನಿಮೇಷನ್ ಚಿತ್ರ. ಅದು ಕನ್ನಡಕ್ಕೂ ಡಬ್ ಆಗಿತ್ತು. ಅದರಲ್ಲಿ ಸ್ಪೈಡರ್‌ಮ್ಯಾನ್ ಒಬ್ಬನಲ್ಲ, ನೂರಾರು ಮಂದಿ! ಒಂದೊಂದು ಲೋಕಕ್ಕೆ ಒಬ್ಬೊಬ್ಬ. ಮುಂಬೈಗೆ ನ್ಯೂಯಾರ್ಕಿನ ಮ್ಯಾನ್‌ಹಟನ್ ಬೆರೆಸಿದಂಥ ಊರಿನಲ್ಲಿ ನಮ್ಮ ದೇಶದವನೂ ಒಬ್ಬನಿದ್ದಾನೆ, ಪವಿತ್ರ್ ಪ್ರಭಾಕರ್. 'ಚಾಯ್ ಟೀ' ಅಂದವನನ್ನು ಅವನು ಗೇಲಿ ಮಾಡುತ್ತಾನೆ, ಚಾಯ್ ಅಂದರೇ ಟೀ ಅಲ್ಲವೇ ಎಂದು. ಅಡುಗೆಮನೆಯಿಂದ ಇಣುಕಿದ ಅಜ್ಜಿ, "ನಾವು ಗೇಟ್ ಬಾಗಿಲು ಅನ್ನಲ್ವಾ, ಹಂಗೆ" ಎಂದು ನಕ್ಕಳು.

ಈ ಪವಿತ್ರ್ ಮೊದಲು ಬಂದದ್ದು ಕಾಮಿಕ್ಸ್‌ನಲ್ಲಿ, 2004ರಲ್ಲಿ. ಶರದ್ ದೇವರಾಜನ್, ಸುರೇಶ್ ಸೀತಾರಾಮನ್, ಜೀವನ್ ಜೆ. ಕಾಂಗ್ ಸೇರಿ ಅವನನ್ನು ಸೃಷ್ಟಿಸಿದರು. 1962ರಲ್ಲಿ ಹುಟ್ಟಿದ ಅಮೆರಿಕದ ಪೀಟರ್ ಪಾರ್ಕರ್ ಇಲ್ಲಿ ಪವಿತ್ರ್ ಪ್ರಭಾಕರ್ ಆದ. ಮೇರಿ ಜೇನ್ ಮೀರಾ ಜೈನ್ ಆದಳು. ಬೆನ್ ಅಂಕಲ್ ಭೀಮ್ ಚಿಕ್ಕಪ್ಪ ಆದ. ಪೀಟರ್‌ಗೆ ವಿಕಿರಣ ತಗುಲಿದ ಜೇಡ ಕಚ್ಚಿ ಶಕ್ತಿ ಬಂದರೆ, ಕಾಮಿಕ್ಸ್‌ನ ಪಂಚೆ ಉಟ್ಟ ಪವಿತ್ರ್‌ಗೆ ಶಕ್ತಿ ಕೊಟ್ಟವನು ಒಬ್ಬ ಮುದಿ ಯೋಗಿ. ನೋಡಿದಿರಾ, ಇಲ್ಲೂ ಒಬ್ಬ ಜೋಗಿ!

"ಇವರಲ್ಲಿ ನಿಜವಾದ ಸ್ಪೈಡರ್‌ಮ್ಯಾನ್ ಯಾರೋ?" ಎಂದು ಕೇಳಿದೆ.

"ಎಲ್ಲರೂ ನಿಜ ತಾತ. ಅವರವರ ಲೋಕದಲ್ಲಿ ಅವರವರು."

"ಹಾಗಾದರೆ ಅಜ್ಜಿಯ ಸೀತೆ?"

ಮೊಮ್ಮಗ ಸುಮ್ಮನಾದ.

ಕಾಮಿಕ್ಸ್‌ನವರಿಗೂ ಹಿಂದೆ ಇಂಥದೇ ಪೇಚು ಬಂದಿತ್ತು. ಮಿಂಚಿನಂತೆ ಓಡುವ ಫ್ಲ್ಯಾಶ್ ಎಂಬ ವೀರ 1940ರಲ್ಲಿ ಬಂದ. ಅವನ ಹೆಸರು ಜೇ ಗ್ಯಾರಿಕ್. ಅವನ ಪುಸ್ತಕ ನಿಂತುಹೋಗಿ, 1956ರಲ್ಲಿ ಬ್ಯಾರಿ ಆಲನ್ ಎಂಬ ಹೊಸ ಫ್ಲ್ಯಾಶ್ ಬಂದ. ಈಗ ಹಳಬನನ್ನು ಸುಳ್ಳು ಅನ್ನಬೇಕೇ? 1961ರಲ್ಲಿ ಗಾರ್ಡ್ನರ್ ಫಾಕ್ಸ್ ಬರೆದು ಕಾರ್ಮೈನ್ ಇನ್‌ಫ್ಯಾಂಟಿನೋ ಚಿತ್ರ ಬಿಡಿಸಿದ ಕಥೆಯಲ್ಲಿ ಹೊಸಬ ಇನ್ನೊಂದು ಭೂಮಿಗೆ ಹೋಗಿ ಹಳಬನನ್ನೇ ಭೇಟಿಯಾದ. ಪಕ್ಕಪಕ್ಕದಲ್ಲಿ ಎರಡು ಲೋಕ, ಎರಡರಲ್ಲೂ ಒಬ್ಬೊಬ್ಬ ಫ್ಲ್ಯಾಶ್. ಮಕ್ಕಳು ಓದುತ್ತಿದ್ದ ಹೊಸ ವೀರನ ಜೊತೆಗೆ ದೊಡ್ಡವರು ಓದಿದ್ದ ಹಳೇ ವೀರನೂ ಉಳಿದುಕೊಂಡ. ಆಮೇಲೆ ಲೋಕಗಳು ಹೆಚ್ಚಾಗಿ ಗೋಜಲಾಯಿತೆಂದು 1985ರಲ್ಲಿ ಎಲ್ಲವನ್ನೂ ಕಲೆಸಿ ಒಂದೇ ಮಾಡಲು ಹೊರಟರು. ಕೆಲವು ವರ್ಷ ಕಳೆದ ಮೇಲೆ ಅವೇ ಲೋಕಗಳನ್ನು ಮತ್ತೆ ಕರೆತಂದರು!

ಇದು ನಮಗೇನು ಹೊಸದೇ? ಪಂಪ 941ರ ಸುಮಾರಿಗೆ ಬರೆದ ಭಾರತದಲ್ಲಿ ದ್ರೌಪದಿ ಅರ್ಜುನನೊಬ್ಬನ ಹೆಂಡತಿ. ಕುಮಾರವ್ಯಾಸನಲ್ಲಿ ಐವರಿಗೂ ಹೆಂಡತಿ. ನಾಗಚಂದ್ರನ ರಾಮಾಯಣದಲ್ಲಿ ರಾವಣನನ್ನು ಕೊಲ್ಲುವವನು ರಾಮನಲ್ಲ, ಲಕ್ಷ್ಮಣ. ಇವು ಪಕ್ಕಪಕ್ಕದ ಲೋಕಗಳಲ್ಲ, ಒಂದೇ ಕಥೆಯ ಬೇರೆಬೇರೆ ದಾರಿಗಳು. ಆದರೂ ಒಂದಕ್ಕಾಗಿ ಇನ್ನೊಂದನ್ನು ನಾವು ಎಸೆದಿಲ್ಲ. ಅಜ್ಜಿಯ ಸೀನಿನ ಕಥೆಯನ್ನೂ ಎ.ಕೆ. ರಾಮಾನುಜನ್ ಅವರಂಥ ವಿದ್ವಾಂಸರು ಕನ್ನಡ ಜನಪದದ ಕಥೆಯೆಂದು ತಮ್ಮ ಪ್ರಬಂಧದಲ್ಲಿ ಬಿಡಿಸಿ ಹೇಳಿದ್ದಾರೆ. ಮೇಷ್ಟ್ರಾಗಿ ನಾನು ಆ ರಾತ್ರಿಯೇ ಇದನ್ನೆಲ್ಲ ಹೇಳಬೇಕಿತ್ತು.

ಮರುದಿನ ಮೊಮ್ಮಗನನ್ನು ನಮ್ಮ ಬೀದಿಯ ಮಗ್ಗದ ಮನೆಗೆ ಕರೆದುಕೊಂಡು ಹೋದೆ. ಉದ್ದಕ್ಕೆ ಬಿಗಿದ ದಾರ ಹಾಸು, ಅಡ್ಡಕ್ಕೆ ಓಡುವ ದಾರ ಹೊಕ್ಕು. ಹಾಸು ಅದೇ ಇದ್ದರೂ ಹೊಕ್ಕಿನ ಬಣ್ಣ ಬದಲಾದರೆ ಸೀರೆಯೇ ಬೇರೆಯಾಗುತ್ತದೆ. "ಪೀಟರ್ ಕಥೆಗೂ ಪವಿತ್ರ್ ಕಥೆಗೂ ಹಾಸು ಯಾವುದು?" ಎಂದು ಕೇಳಿದೆ. "ಚಿಕ್ಕಪ್ಪ ಸಾಯೋದು. ಆಮೇಲೆ ಅವನು ಒಳ್ಳೇ ಕೆಲಸ ಮಾಡೋದು" ಅಂದ. ಸ್ವಲ್ಪ ಹೊತ್ತು ಮಗ್ಗವನ್ನೇ ನೋಡುತ್ತಿದ್ದು ತಾನೇ ಹೇಳಿದ: "ಅಜ್ಜಿ ಕಥೇಲೂ ಸೀತೆ ಜನಕನಿಗೇ ಸಿಗ್ತಾಳೆ ತಾತ."

ಅಂದು ರಾತ್ರಿ ಅವನೇ ಅಜ್ಜಿಯ ಮಗ್ಗುಲಿಗೆ ಹೋಗಿ ಕೂತ. "ಅಜ್ಜಿ, ಸೀನಿದ್ದು ಹೇಳು."

ಅವಳು ಹೇಳಿದಳು. ಐದನೇ ದಿನಕ್ಕೆ ಬಂದು ನಿಂತಳು. "ಇಲ್ಲಿ ರಾವುಳನ ಬಯಕೆಯ ಒಂದು ಹಾಡಿತ್ತು. ನಮ್ಮವ್ವ ರಾಗಿ ಬೀಸ್ತಾ ಹೇಳೋರು. ಹೇಳದೇ ಹೇಳದೇ ಮರೆತೇಹೋಯ್ತಲ್ಲಪ್ಪ." ಎಷ್ಟು ಯೋಚಿಸಿದರೂ ಹಾಡು ಬರಲಿಲ್ಲ. ಅವಳ ತಾಯಿ ಈಗಿಲ್ಲ. ಆರನೇ ದಿನದಿಂದ ಕಥೆ ಮುಂದುವರಿಯಿತು.

ಮಕ್ಕಳೇ, ಈ ವಾರ ನಿಮಗೊಂದು ಕೆಲಸ. ನಿಮ್ಮ ಅಜ್ಜಿ ತಾತನಿಂದ ಒಂದು ಕಥೆ ಹೇಳಿಸಿಕೊಳ್ಳಿ. ನಿಮ್ಮ ಪುಸ್ತಕದಲ್ಲಿ ಬೇರೆ ಥರ ಇದ್ದರೂ ಮುಗಿಯುವವರೆಗೆ "ತಪ್ಪು" ಅನ್ನಬೇಡಿ. ಹಾಡು ಬಂದರೆ ಮಾತ್ರ ಕೂಡಲೇ ಬರೆದುಕೊಳ್ಳಿ. ಅಜ್ಜಿ ತಾತಂದಿರೇ, ನಿಮಗೂ ಒಂದು ಕೆಲಸ: ಮೊಮ್ಮಕ್ಕಳು ತೋರಿಸುವ ಸಿನಿಮಾ ಎದುರು ಅರ್ಧ ಗಂಟೆ ಕೂತುನೋಡಿ.