ಬಸ್ ಜಪ್ತಿ ಆಗೋವರೆಗೂ ದುಡ್ಡು ಯಾಕೆ ಕಟ್ಟಲ್ಲ?

ಭಾಗ 3. ಉದ್ದ ಇದೆ, ಸೇವ್ ಮಾಡ್ಕೊಂಡು ಓದಿ.

"ಪರಿಹಾರ ನೀಡದ ಕೆಎಸ್‌ಆರ್‌ಟಿಸಿ: ಬಸ್ ಜಪ್ತಿ." ಈ ಹೆಡ್ಡಿಂಗ್ ಪೇಪರಲ್ಲಿ ಎಷ್ಟು ಸಲ ನೋಡಿದ್ದೀರಿ? ಊರು ಬದಲಾಗುತ್ತೆ, ಫೋಟೊ ಅದೇ. ಕೆಂಪು ಬಸ್ಸು, ಪಕ್ಕದಲ್ಲಿ ಕೋರ್ಟ್ ಅಮೀನರು. ಕೆಳಗೆ ನಾವೆಲ್ಲ "ಸೂಪರ್, ಹಿಂಗೇ ಆಗ್ಬೇಕು" ಅಂತ ಕಾಮೆಂಟ್ ಹಾಕ್ತೀವಿ. ನನಗಂತೂ ಆ ಫೋಟೊ ನೋಡಿದ್ರೆ ಸಿಟ್ಟು ಬರುತ್ತೆ. ಕೇಸ್ ಗೆದ್ದ ಮನೆಯವರು ಗೆದ್ದಿದ್ದನ್ನ ವಸೂಲಿ ಮಾಡೋಕೆ ಮತ್ತೊಂದು ಅರ್ಜಿ ಹಾಕಿ, ಮತ್ತೆ ವಕೀಲರ ಹತ್ರ ಅಲೆದಿದ್ದಾರೆ ಅಂತ ತಾನೆ ಅದರ ಅರ್ಥ?

ಮೋಟಾರು ವಾಹನ ಕಾಯ್ದೆ 1988ರ ಸೆಕ್ಷನ್ 168 ಓದಿ. ತೀರ್ಪು ಬಂದ 30 ದಿನದೊಳಗೆ ಪೂರ್ತಿ ಮೊತ್ತ ಠೇವಣಿ ಇಡಬೇಕು. "ಬಜೆಟ್ ಬಂದಾಗ" ಅಂತ ಎಲ್ಲೂ ಬರೆದಿಲ್ಲ.

ಆ ಮೊತ್ತ ಯಾರೋ ಕರುಣೆಯಿಂದ ಬರೆದಿದ್ದೂ ಅಲ್ಲ. 2009ರ ಸರಳಾ ವರ್ಮಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಲೆಕ್ಕ ಹಾಕೋ ರೀತಿ ಹೇಳಿದೆ. ಸತ್ತವನಿಗೆ 40 ವರ್ಷ ಆಗಿದ್ರೆ ವರ್ಷದ ಆದಾಯಕ್ಕೆ 15ರ ಗುಣಕ. ಹೆಂಡತಿ, ಇಬ್ಬರು ಮಕ್ಕಳಿದ್ರೆ ಮೊದಲೇ ಮೂರರಲ್ಲಿ ಒಂದು ಪಾಲು ಕಡಿತ, ಬದುಕಿದ್ರೆ ತನಗೇ ಖರ್ಚು ಮಾಡ್ಕೋತಿದ್ದ ಅಂತ. ಅವನು ಉಣ್ಣಬೇಕಿದ್ದ ಅನ್ನವನ್ನೂ ಕಳೆದು ಉಳಿದಿದ್ದು ಆ ದುಡ್ಡು ಕಣ್ರೀ. ಅದನ್ನೂ ತಡೆ ಹಿಡೀತೀರಾ?

"ನಿಗಮ ನಷ್ಟದಲ್ಲಿದೆ" ಅಂತಾರೆ. ಶಕ್ತಿ ಯೋಜನೆ ದುಡ್ಡು ಸರ್ಕಾರ ಸರಿಯಾಗಿ ಕೊಡಲಿ, ಆ ಜಗಳದಲ್ಲಿ ನಾನೂ ನಿಗಮದ ಕಡೆಗೇ. ಆದ್ರೆ ಬಿಕಾಂ ಓದೋನಾಗಿ ಒಂದು ಲೆಕ್ಕ ಕೇಳ್ತೀನಿ. 10 ಲಕ್ಷದ ತೀರ್ಪು, ಶೇ 6 ಬಡ್ಡಿ ಅಂತ ಇಟ್ಕೊಳ್ಳಿ. ಮೂರು ವರ್ಷ ಎಳೆದ್ರೆ ₹1,80,000 ಜಾಸ್ತಿ. ಇದು ಯಾವ ಸೀಮೆ ಉಳಿತಾಯ? ಎಳೆದ ಅಧಿಕಾರಿಯ ಜೇಬಿಂದ ಹೋಗುತ್ತಾ? ನಮ್ಮ ಟಿಕೆಟ್ ದುಡ್ಡಿಂದ್ಲೇ ತಾನೆ.

ಇನ್ನೊಂದು ಮಾತು. ಸಾರಿಗೆ ನಿಗಮಗಳಿಗೆ ಹೊರಗಿನ ವಿಮೆ ಕಡ್ಡಾಯ ಅಲ್ಲ ಅಂತ ಸರ್ಕಾರ ವಿನಾಯಿತಿ ಕೊಡಬಹುದು. ಆದ್ರೆ ಸೆಕ್ಷನ್ 146ರಲ್ಲಿ ಶರತ್ತಿದೆ: ಪರಿಹಾರ ಕೊಡೋಕೇ ಅಂತ ಸ್ವಂತ ನಿಧಿ ಇರಬೇಕು. ಪ್ರೀಮಿಯಂ ಉಳಿಸೋಕೆ ನಿಧಿ ಇದೆ ಅಂತೀರಿ, ವಿಧವೆ ಬಂದು ನಿಂತಾಗ ದುಡ್ಡಿಲ್ಲ ಅಂತೀರಿ!

ಮೇಲ್ಮನವಿ ಹಾಕೋದು ಹಕ್ಕು, ಹಾಕ್ಲಿ ಬುಡಿ. ತಡೆಯಾಜ್ಞೆ ಸಿಗದಿದ್ರೆ ಬರೀ ಮೇಲ್ಮನವಿ ಇದೆ ಅಂತ ದುಡ್ಡು ನಿಲ್ಲಿಸೋ ಹಾಗಿಲ್ಲ.

ಕೌದಳ್ಳಿ, ರಾಮಾಪುರದ ಕಡೆಯಿಂದ ಕೂಲಿ ಬಿಟ್ಟು ಕೊಳ್ಳೇಗಾಲಕ್ಕೆ ಬರೋರಿಗೆ ಒಂದೊಂದು ವಾಯಿದೆ ಅಂದ್ರೂ ಒಂದು ದಿನದ ಸಂಪಾದನೆ ಹೋಯ್ತು. ಬರೋದು ಕೂಡ ಅದೇ ಕೆಂಪು ಬಸ್ಸಲ್ಲಿ. ಸುಸ್ತಾಗಿ ಕಡಿಮೆಗೇ ರಾಜಿ ಆಗ್ತಾರೆ. ಅಂಥವರು ನಿಮ್ಮ ಮನೆ ಹತ್ರ ಇದ್ರೆ ಇದು ಹೇಳಿ: ಅಮಲ್ಜಾರಿ ಅರ್ಜಿ ಒಂದೇ ದಾರಿಯಲ್ಲ. ಸೆಕ್ಷನ್ 174ರಲ್ಲಿ ನ್ಯಾಯಮಂಡಳಿಯಿಂದ ಜಿಲ್ಲಾಧಿಕಾರಿಗೆ ವಸೂಲಿ ಪ್ರಮಾಣಪತ್ರ ಕೇಳಬಹುದು. ರೈತನ ಕಂದಾಯ ಬಾಕಿ ಹೆಂಗೆ ವಸೂಲಿ ಮಾಡ್ತಾರೋ ಹಂಗೇ ಇದನ್ನೂ ಮಾಡಬೇಕು. ವಕೀಲರನ್ನ ಈ ಸೆಕ್ಷನ್ ನಂಬರ್ ಹೇಳಿಯೇ ಕೇಳಿ.

ಜಪ್ತಿ ದಿನ ಡ್ರೈವರ್ ಅಣ್ಣನ ಮೇಲೆ ಮಾತ್ರ ಕೂಗಾಡಬೇಡಿ. ಚೆಕ್‌ಗೆ ಸಹಿ ಹಾಕೋನು ಅವನಲ್ಲ. ಬಸ್ ಹೋದ್ರೆ ಟ್ರಿಪ್ ತಪ್ಪೋದು ಯಳಂದೂರು, ಹನೂರಿನ ನಮ್ಮಂಥ ಪಾಸ್‌ನವರಿಗೇ.

ಚಾಮರಾಜನಗರ ವಿಭಾಗಕ್ಕೆ ₹10 ಕಟ್ಟಿ ಆರ್‌ಟಿಐ ಹಾಕ್ತಿದ್ದೀನಿ. 30 ದಿನ ದಾಟಿಯೂ ಕಟ್ಟದ ತೀರ್ಪು ಎಷ್ಟು, ಮೂರು ವರ್ಷದಲ್ಲಿ ಬಡ್ಡಿಗೆ ಹೋಗಿದ್ದೆಷ್ಟು, ಜಪ್ತಿಯಾದ ಬಸ್ ಎಷ್ಟು. ಅವರಿಗೂ ಉತ್ತರಕ್ಕೆ 30 ದಿನವೇ ಗಡುವು. ಬಂದಿದ್ದನ್ನ ಭಾಗ 4ರಲ್ಲಿ ಹಾಕ್ತೀನಿ, ಬರದಿದ್ರೆ ಅದನ್ನೂ ಹಾಕ್ತೀನಿ.

#ಕೊಳ್ಳೇಗಾಲ #ಹನೂರು #ಯಳಂದೂರು #ಪರಿಹಾರಎಲ್ಲಿ